ಅತ್ತಿಮಬ್ಬೆ ಎಂಬ ಹೆಸರು

ಹತ್ತನೆಯ ಶತಮಾನದ ಕನ್ನಡ ಸ್ತ್ರೀನಾಮಗಳಲ್ಲಿ ‘ಅತ್ತಿಮಬ್ಬೆ’ಯಷ್ಟು ಗಂಭೀರವಾದುದು ವಿರಳ. ಇದರ ಕೊನೆಯಲ್ಲಿರುವ ‘ಅಬ್ಬೆ’ ಎಂದರೆ ತಾಯಿ. ಪಂಪನ ತಾಯಿ ಅಬ್ಬಣಬ್ಬೆ, ನಾಗರಖಂಡವನ್ನು ಆಳಿದ ಜಕ್ಕಿಯಬ್ಬೆ, ಬೆಳತೂರು ಶಾಸನದ ದೇಕಬ್ಬೆ ಮುಂತಾದವರ ಹೆಸರುಗಳಲ್ಲಿಯೂ ಗೌರವಸೂಚಕವಾಗಿ ನಿಂತಿರುವ ಈ ಪದವು ಉತ್ತರ ಕರ್ನಾಟಕದ ನೀಲವ್ವ, ಮಲ್ಲವ್ವ ಎಂಬಲ್ಲಿನ ‘ಅವ್ವ’ ಪದಕ್ಕೆ ಹತ್ತಿರದ ನಂಟುಳ್ಳದ್ದು. ಇಂದು ಮಕ್ಕಳಿಗೆ ಇಡುವುದು ಅಪರೂಪವಾಗಿದ್ದರೂ ರಾಜ್ಯ ಸರ್ಕಾರದ ಪ್ರಶಸ್ತಿಯೊಂದು ಈ ಹೆಸರನ್ನು ಹೊತ್ತಿದೆ. ಪೊನ್ನನ ಶಾಂತಿಪುರಾಣವು ಅಳಿಯದಿರಲೆಂದು ಅದರ 1000 ಪ್ರತಿಗಳನ್ನು ಬರೆಯಿಸಿ ಹಂಚಿದ, ಲಕ್ಕುಂಡಿಯಲ್ಲಿ ಬಸದಿಯನ್ನು, ಅಂದರೆ ಜೈನ ದೇವಾಲಯವನ್ನು, ಕಟ್ಟಿಸಿದ ದಾನಚಿಂತಾಮಣಿ ಅತ್ತಿಮಬ್ಬೆಯಿಂದ ಈ ಹೆಸರಿಗೆ ಸಂದ ಘನತೆ ನಿಜಕ್ಕೂ ದೊಡ್ಡದು. ಆಕೆಯ ಆಶ್ರಯದಲ್ಲಿ 993ರಲ್ಲಿ ಅಜಿತಪುರಾಣವನ್ನು ರಚಿಸಿದ ರನ್ನನು ತನ್ನ ಮಗಳಿಗೂ ಇದೇ ಹೆಸರನ್ನಿಟ್ಟನು.