ಏಟಿನ ಹಾಸ್ಯ: ಮೂಕಿಚಿತ್ರ ಮತ್ತು ಕಿಳ್ಳೇಕ್ಯಾತ

ಆರಂಭಕಾಲದ ಮೂಕಿ ಕಿರುಚಿತ್ರಗಳ ಹಾಸ್ಯವು ದೇಹವನ್ನೇ ಭಾಷೆಯಾಗಿಸಿಕೊಂಡಿತು. ಲೂಮಿಯೇರ್ ಸಹೋದರರ 1895ರ ಚಿತ್ರದಲ್ಲಿ ಹುಡುಗನೊಬ್ಬ ತೋಟಗಾರನ ನೀರಿನ ಕೊಳವೆಯನ್ನು ತುಳಿಯುತ್ತಾನೆ. ತೋಟಗಾರ ಬಗ್ಗಿ ನೋಡಿದೊಡನೆ ಕಾಲೆತ್ತುತ್ತಾನೆ. ನೀರು ಮುಖಕ್ಕೆ ಚಿಮ್ಮುತ್ತದೆ, ಹುಡುಗನಿಗೆ ಏಟು ಬೀಳುತ್ತದೆ. ಒದೆತ, ಬೀಳಾಟ, ಬೆನ್ನಟ್ಟುವಿಕೆಗಳ ಈ ವ್ಯಾಕರಣವು 1912ರಲ್ಲಿ ಆರಂಭವಾದ ಕೀಸ್ಟೋನ್ ಸಂಸ್ಥೆಯ ಚಿತ್ರಗಳಲ್ಲಿ ವಿಸ್ತಾರಗೊಂಡಿತು. ಚಾಪ್ಲಿನ್ 1914ರಲ್ಲಿ ತೆರೆಗೆ ಬಂದುದೂ ಅಲ್ಲಿಂದಲೇ.

ಕೊಪ್ಪಳ ಸೀಮೆಯ ತೊಗಲುಗೊಂಬೆಯಾಟದ ಪ್ರೇಕ್ಷಕರಿಗೆ ಈ ವ್ಯಾಕರಣ ಅಪರಿಚಿತವೇನಲ್ಲ. ರಾಮಾಯಣದ ಪ್ರಸಂಗದ ನಡುವೆ ಪರದೆಗೆ ಬರುವ ಕಿಳ್ಳೇಕ್ಯಾತ ಮತ್ತು ಬಂಗಾರಕ್ಕ ಬೈದಾಡಿ, ಬಡಿದಾಡಿ ಕಥೆಯ ಗಾಂಭೀರ್ಯವನ್ನು ಸಡಿಲಿಸುತ್ತಾರೆ. ಆದರೆ ಸಾಮ್ಯ ಇಲ್ಲಿಗೇ ನಿಲ್ಲುತ್ತದೆ. ಮೂಕಿಚಿತ್ರದಲ್ಲಿ ಜೀವಂತ ಮನುಷ್ಯನೇ ಗೊಂಬೆಯಂತೆ ಉರುಳುತ್ತಾನೆ. ಇಲ್ಲಿ ಸತ್ತ ತೊಗಲು ಮನುಷ್ಯನಂತೆ ಚಡಪಡಿಸುತ್ತದೆ. ಅಲ್ಲಿ ಏಟು ಮಾತಿನ ಸ್ಥಾನದಲ್ಲಿದೆ. ಇಲ್ಲಿ ಮಾತಿಗೆ ತಾಳ ಹಾಕುತ್ತದೆ.

ಈ ಹಾಸ್ಯವನ್ನು ಕೇವಲ 'ಅಶ್ಲೀಲ ಉಪಕಥೆ' ಎಂದು ಬದಿಗಿರಿಸುವುದು ತರವಲ್ಲ. ಮೂಕಿಚಿತ್ರವು ಮಾತಿಲ್ಲದ ದೇಹವನ್ನು ಉಳಿಸಿಕೊಟ್ಟಿತು. ಹಾಡು, ಸಂಭಾಷಣೆಗಳನ್ನಷ್ಟೇ ಬರೆದಿಡುವ ಜಾನಪದ ಸಂಗ್ರಹವಾದರೋ ದೇಹವಿಲ್ಲದ ಮಾತನ್ನು ಉಳಿಸುತ್ತದೆ. ಗೊಂಬೆಯ ಕೈ ಯಾವ ಮಾತಿಗೆ ಎದ್ದಿತು, ಏಟಿಗೆ ಮುನ್ನ ಎಷ್ಟು ಹೊತ್ತು ತಡೆಯಿತು ಎಂಬುದು ಅಚ್ಚಿನ ಪಠ್ಯಕ್ಕೆ ದಕ್ಕದು. ನಗೆ ಹುಟ್ಟುವುದು ಆ ತಡೆಯಲ್ಲಿಯೇ. ಕೊಪ್ಪಳ ತಾಲ್ಲೂಕಿನ ಮೋರನಾಳದ ಹಿರಿಯ ಕಲಾವಿದೆ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಸಂದಿತು. ಸೂತ್ರಧಾರರ ಕೈಚಲನೆಯನ್ನೂ ಮಾತಿನೊಂದಿಗೆ ದೃಶ್ಯರೂಪದಲ್ಲಿ ದಾಖಲಿಸಿದಾಗಲೇ ಆ ಗೌರವ ಅರ್ಥಪೂರ್ಣವಾಗುತ್ತದೆ.