ಕಪ್ಪೆಯಾಗುವ ವೀರ, ದಣಿಯುವ ವೀರ

ಮಕಿನೊ ಶೋಜೊ 1921ರಲ್ಲಿ ನಿರ್ದೇಶಿಸಿದ ‘ಗೋಕೆತ್ಸು ಜಿರಾಯಾ’ ಎಂಬ ಜಪಾನಿ ಮೂಕಿಚಿತ್ರದಲ್ಲಿ ಇಂದು ಉಳಿದಿರುವುದು ಸುಮಾರು 20 ನಿಮಿಷದಷ್ಟು ಮಾತ್ರ. ಜಿರಾಯಾ ಆಗಿರುವ ಒನೊಎ ಮತ್ಸುನೊಸುಕೆ ಬೆರಳು ಹೆಣೆದು ಮುದ್ರೆ ಹಿಡಿಯುತ್ತಾನೆ. ಮರುಕ್ಷಣ ಮನುಷ್ಯ ಮಾಯ, ಆ ಜಾಗದಲ್ಲೊಂದು ದೈತ್ಯ ಕಪ್ಪೆ. ವೇಷದೊಳಗೆ ಆಳಿದ್ದಾನೆಂಬುದು ಮಕ್ಕಳಿಗೂ ಗೊತ್ತಾಗುತ್ತದೆ, ಆದರೂ ಮೋಡಿ ಕೆಡುವುದಿಲ್ಲ. ಕ್ಯಾಮೆರಾ ನಿಲ್ಲಿಸಿ, ನಟನನ್ನು ಬದಲಿಸಿ, ಮತ್ತೆ ಓಡಿಸುವ ಸರಳ ತಂತ್ರವಿದು. ರಂಗಮಂದಿರದ ಪ್ರೇಕ್ಷಕನಂತೆ ಕದಲದೆ ಕೂತ ಈ ಕ್ಯಾಮೆರಾವನ್ನು ಹಿಂದುಳಿದದ್ದು ಎಂದು ತಳ್ಳಿಹಾಕುವುದನ್ನು ನಾನು ಒಪ್ಪಲಾರೆ. ಚೌಕಟ್ಟು ಅಲುಗದೆ ನಿಂತದ್ದರಿಂದಲೇ ಅದರೊಳಗಿನ ರೂಪಾಂತರ ಬೆಚ್ಚಿಬೀಳಿಸುತ್ತದೆ. ಕಥೆಯನ್ನು ಬಿಡಿಸಿ ಹೇಳುವ ಹೊರೆಯೂ ಮಕಿನೊಗೆ ಇರಲಿಲ್ಲ. ಎದೊ ಕಾಲದ ಪುಸ್ತಕಗಳಿಂದ, ಕಬುಕಿ ರಂಗದಿಂದ ಜಿರಾಯಾ ಮನೆಮಾತಾಗಿದ್ದ. ಉಳಿದದ್ದನ್ನು ಪರದೆಯ ಪಕ್ಕ ನಿಂತ ಬೆನ್ಶಿ, ಅಂದರೆ ನಿರೂಪಕ, ದನಿ ಏರಿಸಿ ಇಳಿಸಿ ತುಂಬಿಕೊಡುತ್ತಿದ್ದ.

ಇದೇ ಜೋಡಿ 1910ರ ದಶಕದಲ್ಲಿ ಮಾಡಿದ ‘ಚೂಶಿಂಗುರ’ದಲ್ಲಿ ಮಾತ್ರ ಈ ಶೈಲಿ ಸೋಲುತ್ತದೆ. 47 ರೋನಿನ್‌ಗಳ, ಅಂದರೆ ಒಡೆಯನಿಲ್ಲದ ಸಮುರಾಯ್‌ಗಳ, ಕಥೆಯ ಜೀವ ಇರುವುದು ಅವರ ನಾಯಕ ಓಯಿಶಿಯ ಮುಚ್ಚುಮರೆಯಲ್ಲಿ. ಒಡೆಯ ಅಸಾನೊನ ಸಾವಿಗೆ ಸೇಡು ತೀರಿಸಲು ಹೊಂಚುಹಾಕುತ್ತಲೇ ಅವನು ಕುಡುಕನಂತೆ, ಕೆಟ್ಟುಹೋದವನಂತೆ ನಟಿಸಬೇಕು. ಮತ್ಸುನೊಸುಕೆಯೋ ದೊಡ್ಡ ಕಣ್ಣುಗಳಿಗೇ ಹೆಸರಾದವನು; ಜನ ಅವನನ್ನು ‘ಕಣ್ಣುಗುಡ್ಡೆಯ ಮತ್ಚಾನ್’ ಎಂದೇ ಕರೆಯುತ್ತಿದ್ದರು. ಆ ಕಣ್ಣುಗಳು ಯಾವುದನ್ನೂ ಬಚ್ಚಿಡಲಾರವು. ಸಾಲದ್ದಕ್ಕೆ ಅಸಾನೊ, ಓಯಿಶಿ ಎರಡೂ ಪಾತ್ರ ಅವನದೇ. ಹೊಟ್ಟೆ ಸೀಳಿಕೊಂಡು ಸತ್ತ ಒಡೆಯನೇ ಸೇಡಿನ ಸೇವಕನಾಗಿ ಎದ್ದು ಬಂದಾಗ ಅಗಲಿಕೆಯ ನೋವಿಗೆ ಎಡೆಯೆಲ್ಲಿ? ಕತ್ತಿವರಸೆಯೂ ಅಷ್ಟೆ: ಭಂಗಿಯಿದೆ, ಲಯವಿದೆ, ಸಾವಿನ ಭಯವಿಲ್ಲ.

ಆ ಭಯ ನನಗೆ ಸಿಕ್ಕಿದ್ದು ಫುತಾಗಾವ ಬುಂತಾರೊ ನಿರ್ದೇಶಿಸಿದ ‘ಒರೊಚಿ’ಯಲ್ಲಿ. 1925ರ ಈ ಚಿತ್ರದ ನಾಯಕ ಹೈಸಬುರೊಗೆ ಮಾಯೆಯಿಲ್ಲ, ದಂತಕಥೆಯ ಆಸರೆಯಿಲ್ಲ. ಒಳ್ಳೆಯದು ಮಾಡಹೋದಾಗಲೆಲ್ಲ ತಪ್ಪು ತಿಳುವಳಿಕೆಗೆ ಗುರಿಯಾಗುವ ಬಡ ಸಮುರಾಯ್ ಅವನು. ಕೊನೆಯ ಕಾಳಗದಲ್ಲಿ ಸುತ್ತುವರಿದವರ ನಡುವೆ, ಆ ಪಾತ್ರದಲ್ಲಿರುವ ಬಂದೊ ತ್ಸುಮಸಬುರೊ ಏದುಸಿರು ಬಿಡುತ್ತ ಕತ್ತಿ ಬೀಸುತ್ತಾನೆ, ಕಡೆಗೆ ಸೆರೆಯಾಗುತ್ತಾನೆ. ಸಂಪ್ರದಾಯದ ವೀರ ಇಲ್ಲಿ ಮೊದಲ ಬಾರಿಗೆ ದಣಿದದ್ದು ನನಗೆ ಕಂಡಿತು. ಚಿತ್ರಕ್ಕೆ ಮೊದಲಿಟ್ಟ ಹೆಸರು ‘ಬುರೈಕನ್’, ಅಂದರೆ ಪುಂಡ; ಸೆನ್ಸಾರಿನವರು ಅದನ್ನು ಒಪ್ಪಲಿಲ್ಲ.