ಲೆಕ್ಕ ಕೇಳಿದ ಬಿಷಪ್

ಹಳೇ ಪುಸ್ತಕದ ಹುಚ್ಚು ಹಿಡಿಸಿಕೊಂಡವರನ್ನು ಜಾನ್ ವಿಲಿಯಂ ಕೊಲೆನ್ಸೊ ಎಂಬ ಹೆಸರು ಒಂದಲ್ಲ ಒಂದು ದಿನ ಗೊಂದಲಕ್ಕೆ ಬೀಳಿಸುತ್ತದೆ. ವಿಕ್ಟೋರಿಯಾ ಕಾಲದ ಶಾಲಾ ಬೀಜಗಣಿತದ ಮೇಲೆ ಈ ಹೆಸರಿದೆ. 1861ರ ಜುಲು–ಇಂಗ್ಲಿಷ್ ನಿಘಂಟಿನ ಮೇಲೂ ಇದೆ. ಬೈಬಲ್ಲಿನ ಮೊದಲ ಐದು ಪುಸ್ತಕಗಳನ್ನು ಜಾಲಾಡಿದ ಏಳು ಭಾಗಗಳ ಗ್ರಂಥಕ್ಕೂ, ಆಫ್ರಿಕದ ಒಬ್ಬ ನಾಯಕನ ವಿಚಾರಣೆಯ ಸಾಕ್ಷ್ಯಗಳನ್ನು ಬಿಡಿಸಿ ಇಟ್ಟ ಬರಹಗಳಿಗೂ ಇದೇ ಹೆಸರು. ಒಂದೇ ಹೆಸರಿನ ನಾಲ್ವರಿದ್ದಿರಬೇಕು ಅನ್ನಿಸಿದರೆ ತಪ್ಪಲ್ಲ. ಇದ್ದದ್ದು ಮಾತ್ರ ಒಬ್ಬರೇ, ದಕ್ಷಿಣ ಆಫ್ರಿಕದ ನಟಾಲ್‌ಗೆ ಮೊದಲ ಆಂಗ್ಲಿಕನ್ ಬಿಷಪ್ ಆಗಿ ಹೋದವರು. ನಾಲ್ಕೂ ಕಡೆ ಅವರು ಮಾಡಿದ್ದೂ ಹೆಚ್ಚುಕಡಿಮೆ ಒಂದೇ ಕೆಲಸ: ಕಣ್ಣ ಮುಂದಿಟ್ಟ ಅಂಕಿ ತಾಳೆಯಾಗುತ್ತದೆಯೇ, ಹೇಳಿದ ಮಾತು ನಿಲ್ಲುತ್ತದೆಯೇ ಎಂದು ನೋಡುವುದು.

ಹುಟ್ಟಿದ್ದು 1814ರಲ್ಲಿ, ಕಾರ್ನ್‌ವಾಲ್‌ನ ಸೇಂಟ್ ಆಸ್ಟೆಲ್‌ನಲ್ಲಿ. ಅಪ್ಪ ಗಣಿಯಲ್ಲಿ ಹಣ ಹೂಡಿದರು, ಸಮುದ್ರ ನುಗ್ಗಿ ಗಣಿ ಮುಳುಗಿತು. (ಮುಂದೆ ಮಗನನ್ನು ಕಾಡಿದ್ದೂ ಒಂದು ಪ್ರವಾಹವೇ.) ಹುಡುಗ ಬಡತನದಲ್ಲೇ ಓದಿ, 1836ರ ಕೇಂಬ್ರಿಜ್ ಗಣಿತ ಪರೀಕ್ಷೆಯಲ್ಲಿ ಎರಡನೆಯ ಸ್ಥಾನ ಪಡೆದ. ಹ್ಯಾರೋ ಶಾಲೆಯಲ್ಲಿ ಗಣಿತದ ಮೇಷ್ಟ್ರಾಗಿದ್ದಾಗ ಮನೆಗೆ ಬೆಂಕಿ ಬಿದ್ದು ಸಾಲ ಕುತ್ತಿಗೆಗೆ ಬಂತು. ಅದರಿಂದ ಪಾರು ಮಾಡಿದ್ದು ಪಠ್ಯಪುಸ್ತಕಗಳು, 1841ರ ಬೀಜಗಣಿತ ಮತ್ತು 1843ರ ಅಂಕಗಣಿತ. ಇಂಗ್ಲೆಂಡಿನ ಮಕ್ಕಳ ಪಾಲಿಗೆ ಕೊಲೆನ್ಸೊ ಎಂದರೆ ಲೆಕ್ಕದ ಪುಸ್ತಕ ಎಂದೇ ಆಗಿಹೋಯಿತು.

ನಮ್ಮ ಕಿಟೆಲ್ ಭಾರತಕ್ಕೆ ಬಂದಿಳಿದ 1853ರಲ್ಲೇ ಕೊಲೆನ್ಸೊ ಬಿಷಪ್ ಆದರು. ಪೀಟರ್‌ಮಾರಿಟ್ಸ್‌ಬರ್ಗ್ ಹೊರವಲಯದ ಬಿಷಪ್‌ಸ್ಟೋದಲ್ಲಿ ಮನೆ ಕಟ್ಟಿ, ಶಾಲೆ ತೆರೆದು, ಅಚ್ಚುಕೂಟ ಹಾಕಿ ಜುಲು ಕಲಿಯಲು ಕುಳಿತರು. ಕಿಟೆಲರ ಕನ್ನಡ ನಿಘಂಟು ಬರಲು 1894 ಆಯಿತು, ಇವರದು ಎಂಟೇ ವರ್ಷಕ್ಕೆ ಸಿದ್ಧವಾಯಿತು. ಅವಸರದ ಮನುಷ್ಯ. ಕ್ರೈಸ್ತರಾಗಲು ಬಂದ ಜುಲು ಗಂಡಸರಿಗೆ ಒಬ್ಬಳನ್ನು ಉಳಿಸಿಕೊಂಡು ಮಿಕ್ಕ ಹೆಂಡತಿಯರನ್ನು ಬಿಟ್ಟುಬನ್ನಿ ಎಂದು ಮಿಷನರಿಗಳು ಹೇಳುತ್ತಿದ್ದ ಕಾಲದಲ್ಲಿ, ಬಿಟ್ಟ ಹೆಂಗಸರ ಗತಿಯೇನು ಎಂದು ಕೇಳಿದವರು ಇವರು. ಸಹೋದ್ಯೋಗಿಗಳ ಹುಬ್ಬು ಮೊದಲು ಗಂಟಿಕ್ಕಿದ್ದು ಆಗ.

ಆಮೇಲೆ ಬಂತು ನೋಹನ ನಾವೆ. ಆದಿಕಾಂಡವನ್ನು ಜುಲುವಿಗೆ ತರುವಾಗ ಜೊತೆಗೆ ಕೂರುತ್ತಿದ್ದವನು ವಿಲಿಯಂ ಎನ್‌ಗಿಡಿ ಎಂಬ ಜುಲು. ಪ್ರಳಯದ ಕಥೆಯ ಹತ್ತಿರ ಬಂದಾಗ ಆತ ನೇರವಾಗಿ ಕೇಳಿದ: ಇದೆಲ್ಲ ನಿಜವೇ? ಬಿಸಿ ದೇಶದ್ದು, ಚಳಿ ದೇಶದ್ದು ಎನ್ನದೆ ಎಲ್ಲ ಪ್ರಾಣಿಗಳೂ ಜೋಡಿಜೋಡಿಯಾಗಿ ಬಂದು ಹತ್ತಿದವೇ? ಬೇಟೆಯಾಡಿ ತಿನ್ನುವ ಮೃಗಪಕ್ಷಿಗಳಿಗೂ ನೋಹ ಊಟ ಹೊಂಚಿದನೇ? ಕೊಲೆನ್ಸೊ ಭೂವಿಜ್ಞಾನಿ ಲಯೆಲ್‌ನನ್ನು ಓದಿಕೊಂಡಿದ್ದರು. ಫ್ರಾನ್ಸಿನ ಓವೆರ್ನ್‌ನಲ್ಲಿ ಹಳೆಯ ಜ್ವಾಲಾಮುಖಿಗಳ ಮೇಲೆ ಹಗುರ ಬೂದಿಗಲ್ಲು ಹಾಗೇ ಕೂತಿದೆ. ಜಗತ್ತೆಲ್ಲ ಮುಳುಗಿದ್ದರೆ ಅದು ಕೊಚ್ಚಿಹೋಗಬೇಕಿತ್ತು ಎಂಬುದು ಅವರಿಗೆ ಗೊತ್ತಿತ್ತು. ಹೌದು ಎಂದು ಹೇಳಲು ಬಾಯಿ ಬರಲಿಲ್ಲ.

1862ರಲ್ಲಿ ಆ ಏಳು ಭಾಗಗಳ ಗ್ರಂಥದ ಮೊದಲ ಭಾಗ ಲಂಡನ್ನಿನಲ್ಲಿ ಹೊರಬಂತು. ಒಂದು ಲೆಕ್ಕ ನೋಡಿ. ಯಾಜಕಕಾಂಡದಲ್ಲಿ ಇಡೀ ಸಭೆ ದೇವದರ್ಶನದ ಗುಡಾರದ ಬಾಗಿಲಲ್ಲಿ ಸೇರಿತು ಎಂದಿದೆ. ಗುಡಾರದ ಅಗಲ ಹತ್ತು ಮೊಳ, ಅಂದರೆ ಹದಿನೆಂಟು ಅಡಿ. ಸಾಲಿಗೆ ಒಂಬತ್ತು ಗಂಡಸರು ನಿಲ್ಲಬಹುದು. ಅರಣ್ಯಕಾಂಡದ ಎಣಿಕೆಯಂತೆ ಕಾದಾಡಬಲ್ಲ ಗಂಡಸರೇ 6,03,550 ಮಂದಿ. ಸಾಲಿನಿಂದ ಸಾಲಿಗೆ ಒಂದೂವರೆ ಅಡಿ ಬಿಟ್ಟರೆ ಸರದಿ ಲಕ್ಷ ಅಡಿ ದಾಟಿ ಮೂವತ್ತು ಕಿಲೋಮೀಟರ್ ಉದ್ದವಾಗುತ್ತದೆ! ಇನ್ನೊಂದು ಕಡೆ, ಬಾಣಂತಿಯರು ಬಲಿಗೆ ತರುವ ಪಾರಿವಾಳಗಳನ್ನು ಯಾಜಕ ಆರೋನ ಮತ್ತು ಅವನ ಇಬ್ಬರು ಮಕ್ಕಳು ತಿಂದು ಮುಗಿಸಬೇಕಾದರೆ ತಲೆಗೆ ದಿನಕ್ಕೆ 88 ಬೀಳುತ್ತವೆ ಎಂದು ಹಂಚಿ ತೋರಿಸಿದರು.

ಜುಲುವನ್ನು ಮತಾಂತರಿಸಲು ಹೋದ ಬಿಷಪ್ಪನನ್ನೇ ಜುಲು ಮತಾಂತರಿಸಿದ ಎಂದು ಲಂಡನ್ನಿನಲ್ಲಿ ಚುಟುಕಗಳು ಹುಟ್ಟಿದವು. ಓದಿದವರಿಗೆ ಇದು ಹೊಸದಲ್ಲ, ಓದದವರಿಗೆ ಇದರಿಂದ ಪ್ರಯೋಜನವಿಲ್ಲ ಎಂದು ವಿಮರ್ಶಕ ಮ್ಯಾಥ್ಯೂ ಆರ್ನಲ್ಡ್ ಮೂಗು ಮುರಿದ. ಆರ್ನಲ್ಡ್‌ನ ಮಾತಿನಲ್ಲಿ ಅಹಂಕಾರವಿದೆ, ಆದರೆ ಸ್ವಲ್ಪ ಹುರುಳೂ ಇದೆ. ಇವತ್ತು ಆ ಸಂಪುಟಗಳನ್ನು ಓದುವುದು ಬೇರೆಯವರ ಮನೆಯ ದಿನಸಿ ಚೀಟಿ ಓದಿದ ಹಾಗೆ. ಹಾಲೆಂಡಿನ ವಿದ್ವಾಂಸ ಕ್ಯೂನೆನ್ ಮಾತ್ರ ಈ ಲೆಕ್ಕಗಳಿಂದ ತನ್ನ ನಿಲುವೇ ಬದಲಾಯಿತೆಂದು ಒಪ್ಪಿಕೊಂಡ.

ಕೇಪ್‌ಟೌನ್ ಬಿಷಪ್ ರಾಬರ್ಟ್ ಗ್ರೇ 1863ರಲ್ಲಿ ಧರ್ಮದ್ರೋಹದ ವಿಚಾರಣೆ ನಡೆಸಿ ಕೊಲೆನ್ಸೊರನ್ನು ಪದವಿಯಿಂದ ಇಳಿಸಿದರು. ಕೊಲೆನ್ಸೊ ಹಾಜರಾಗಲಿಲ್ಲ. ನಿನಗೆ ಈ ಅಧಿಕಾರವೇ ಇಲ್ಲ ಎಂಬ ಆಕ್ಷೇಪಣೆಯನ್ನು ಭಾಷಾವಿದ್ವಾಂಸ ವಿಲ್‌ಹೆಲ್ಮ್ ಬ್ಲೀಕ್ ಕೈಯಲ್ಲಿ ಕಳಿಸಿದರು. 1865ರಲ್ಲಿ ಪ್ರಿವಿ ಕೌನ್ಸಿಲ್ ಅದನ್ನೇ ಎತ್ತಿಹಿಡಿಯಿತು. ಗ್ರೇ ಬಹಿಷ್ಕಾರ ಹಾಕಿದರು, 1869ರಲ್ಲಿ ಇನ್ನೊಬ್ಬ ಬಿಷಪ್ಪನನ್ನೂ ತಂದು ಕೂರಿಸಿದರು. ಪುಟ್ಟ ಊರಿಗೆ ಇಬ್ಬರು ಬಿಷಪ್ಪರು, ಎರಡು ಕ್ಯಾಥೆಡ್ರಲ್. ಪ್ರಪಂಚದ ನಾನಾ ಕಡೆಯ ಆಂಗ್ಲಿಕನ್ ಬಿಷಪ್ಪರು ಲಂಡನ್ನಿನ ಲ್ಯಾಂಬೆತ್‌ನಲ್ಲಿ ಮೊದಲ ಬಾರಿ, 1867ರಲ್ಲಿ, ಸಭೆ ಸೇರಲು ಈ ಜಗಳವೂ ಒಂದು ಕಾರಣ.

ಕೊಲೆನ್ಸೊ ಎಂದರೆ ಇಷ್ಟೇ ಎಂದು ಬಹಳ ಮಂದಿ ಇಲ್ಲಿಗೆ ನಿಲ್ಲಿಸುತ್ತಾರೆ. ಅಲ್ಲೇ ಎಡವುವುದು. ಬೈಬಲ್ ಮೇಲೆ ಒರಟಾಗಿ ಕಂಡ ಅದೇ ಲೆಕ್ಕದ ಕೋಲು ಕಚೇರಿಯ ಕಡತದ ಮೇಲೆ ಬಿದ್ದಾಗ ಏನಾಯಿತು ನೋಡಿ.

ಹ್ಲುಬಿ ಜನರ ನಾಯಕ ಲಂಗಾಲಿಬಲೇಲೆ. ಅವನ ಕಡೆಯ ಹುಡುಗರು ವಜ್ರದ ಗಣಿಯಲ್ಲಿ ದುಡಿದು ಬಂದೂಕು ಕೊಂಡು ತಂದಿದ್ದರು. ಅವನ್ನು ನೋಂದಾಯಿಸು ಎಂದಿತು ಸರ್ಕಾರ. ಕರೆ ಬಂದರೂ ನಾಯಕ ಹೋಗಲಿಲ್ಲ. 1873ರಲ್ಲಿ ಬೆಟ್ಟ ಹತ್ತಿ ಓಡಿದ. ಬೆನ್ನಟ್ಟಿದವರಲ್ಲಿ ಕೆಲವರು ಸತ್ತರು. ಸಿಕ್ಕಿಬಿದ್ದವನಿಗೆ ಸಾಕ್ಷಿಗಳನ್ನು ಪಾಟೀಸವಾಲು ಮಾಡಲು ವಕೀಲನೂ ಇಲ್ಲದ ವಿಚಾರಣೆ, ಜೀವಾವಧಿ ಗಡಿಪಾರು, ರಾಬೆನ್ ದ್ವೀಪ. ಪ್ರಕರಣದ ಹಿಂದಿದ್ದ ಅಧಿಕಾರಿ ಥಿಯೋಫಿಲಸ್ ಶೆಪ್‌ಸ್ಟನ್ ಬಿಷಪ್ಪರಿಗೆ ಸುಮಾರು ಇಪ್ಪತ್ತು ವರ್ಷದ ಗೆಳೆಯ.

ಕೊಲೆನ್ಸೊ ಸಾಕ್ಷಿಗಳನ್ನು ಬಿಷಪ್‌ಸ್ಟೋಗೆ ಕರೆಸಿ, ಜುಲುವಿನಲ್ಲೇ ಮಾತಾಡಿಸಿ, ನ್ಯಾಯಾಲಯದ ದಾಖಲೆಯ ಪಕ್ಕ ಅವರ ಮಾತನ್ನಿಟ್ಟು ತಾಳೆ ನೋಡಿದರು. ನಾಯಕ ಓಡಿದ್ದು ದಂಗೆಯ ಮನಸ್ಸಿನಿಂದಲ್ಲ, ಭಯದಿಂದ. 1858ರಲ್ಲಿ ಮತ್ಯಾನಾ ಎಂಬ ನಾಯಕನನ್ನು ಶೆಪ್‌ಸ್ಟನ್‌ನ ತಮ್ಮ ಜಾನ್ ಮಾತುಕತೆಗೆಂದು ಕರೆದು, ಬಚ್ಚಿಟ್ಟ ಬಂದೂಕು ಹೊರತೆಗೆದಿದ್ದ. ಆ ಸುದ್ದಿ ಹ್ಲುಬಿಗಳಿಗೆ ಮರೆತಿರಲಿಲ್ಲ. ಮುಂದೆ 1875ರಲ್ಲಿ ಕರ್ನಲ್ ಕಾಲಿ ನಡೆಸಿದ ತನಿಖೆಯೂ ಈ ಮಾತನ್ನು ಬಹುಮಟ್ಟಿಗೆ ಒಪ್ಪಿತು. ಅಷ್ಟರಲ್ಲಿ ಬಿಷಪ್ ಲಂಡನ್ನಿಗೆ ಹೋಗಿ ಮಂತ್ರಿ ಕಾರ್ನಾರ್ವನ್‌ರ ಮುಂದೆ ಕಡತ ಹಿಡಿದಿದ್ದರು. ಗವರ್ನರ್ ಪೈನ್‌ಗೆ ವಾಪಸಾತಿಯ ಆದೇಶ ಬಂತು, ಕೈದಿಯನ್ನು ದ್ವೀಪದಿಂದ ಬಿಡಿಸಿದರು. ಗೆಳೆತನ ಮುರಿಯಿತು. ಬೈಬಲ್ ಜಗಳದಲ್ಲಿ ಬೆನ್ನಿಗಿದ್ದ ಬಿಳಿಯರೂ ದೂರವಾದರು.

1879ರ ಜುಲು ಯುದ್ಧದಲ್ಲೂ ಹಾಗೆಯೇ. ಇಸಂಡ್ಲ್ವಾನಾದಲ್ಲಿ ಬ್ರಿಟಿಷ್ ಸೇನೆ ನುಚ್ಚುನೂರಾಗಿ ಊರೆಲ್ಲ ಸೇಡು ಸೇಡು ಎನ್ನುತ್ತಿದ್ದ ಮಾರ್ಚ್‌ನಲ್ಲಿ, ಈ ಯುದ್ಧ ಶುರುಮಾಡಿದ ನಾವು ನ್ಯಾಯವಾಗಿ ನಡೆದೆವೇ ಎಂದು ಅವರು ಪೀಠದಿಂದಲೇ ಕೇಳಿದರು. ಸೋತ ದೊರೆ ಕೆಚ್ವಾಯೊ ಪರವಾಗಿ ಕೊನೆಯವರೆಗೂ ಸರ್ಕಾರಿ ಕಾಗದಗಳನ್ನು ಟಿಪ್ಪಣಿ ಸಮೇತ ಅಚ್ಚು ಹಾಕಿ ಹಂಚುತ್ತಿದ್ದರು. 1883ರಲ್ಲಿ ತೀರಿಕೊಂಡರು. ಮರುವರ್ಷ ಬಿಷಪ್‌ಸ್ಟೋ ಬೆಂಕಿಗೆ ಆಹುತಿಯಾಯಿತು. ಮಗಳು ಹ್ಯಾರಿಯೆಟ್ ಅಪ್ಪನ ವ್ಯಾಜ್ಯಗಳನ್ನು ಹೆಗಲಿಗೆ ಹಾಕಿಕೊಂಡರು. ಬಿಷಪ್ಪರ ಹೆಸರಿನ ಊರೊಂದು ನಟಾಲ್‌ನಲ್ಲಿದೆ. 1899ರ ಡಿಸೆಂಬರ್‌ನಲ್ಲಿ, ಬೋಯರ್ ಯುದ್ಧದಲ್ಲಿ, ಗಾಂಧಿಯವರ ಆಂಬುಲೆನ್ಸ್ ದಳ ಗಾಯಾಳುಗಳನ್ನು ಹೊತ್ತದ್ದು ಆ ಕೊಲೆನ್ಸೊ ಕದನದಲ್ಲೇ.

ಈ ಕಪಾಟಿಗೆ ಕೈಹಾಕುವವರು ಏಳು ಭಾಗಗಳ ಗ್ರಂಥದಿಂದ ಶುರುಮಾಡುವುದು ಬೇಡ. ಬಿಷಪ್‌ಸ್ಟೋ ಶಾಲೆಗೆ ಹುಡುಗನಾಗಿ ಬಂದು, ಅಲ್ಲೇ ಮೊಳೆ ಜೋಡಿಸಲು ಕಲಿತು, ಬಿಷಪ್ಪರ ಮುದ್ರಕನಾದವನು ಮಗೇಮಾ ಫೂಜೆ. ತನ್ನ ಜನರ ಇತಿಹಾಸವನ್ನು ಆತ ಜುಲುವಿನಲ್ಲಿ ಬರೆದು 1922ರಲ್ಲಿ ಪ್ರಕಟಿಸಿದ. ಜುಲು ಮನೆಮಾತಿನವರೊಬ್ಬರು ಆ ಭಾಷೆಯಲ್ಲಿ ಬರೆದು ಹೊರತಂದ ಮೊದಲ ಪುಸ್ತಕವೆಂದು ಅದಕ್ಕೆ ಹೆಸರು. 1979ರಲ್ಲಿ ಇಂಗ್ಲಿಷಿಗೂ ಬಂದಿದೆ. ಮೊದಲು ಅದನ್ನು ಓದಿ, ಬಿಷಪ್ಪರ ಪುಸ್ತಕಗಳನ್ನು ಆಮೇಲೆ ಹುಡುಕಬಹುದು.